ಇಜುಮಿಗೆ ಎರಡು ಸೀಟು

ಬಯಾನ್ ಲೆಪಾಸ್, ಪೆನಾಂಗ್
20 ಫೆಬ್ರವರಿ 2020

ಸದಾಶಿವ ಅವರಿಗೆ,

ನೀವು ಧಾರವಾಡದ ಕಡೆಯವರೆಂದು ಕನ್ನಡ ಸಂಘದವರು ಹೇಳಿದರು, ಅದಕ್ಕೇ ಕನ್ನಡದಲ್ಲಿ ಬರೆಯುತ್ತಿದ್ದೇನೆ. ನನ್ನ ಹೆಸರು ಜಲಜಾಕ್ಷಿ. ನೀವು ಗೈಡಾಗಿ ಕರೆದುಕೊಂಡು ಹೋಗಬೇಕಿದ್ದ ಐದು ದಿನದ ಜಪಾನ್ ಪ್ರವಾಸಕ್ಕೆ ನನ್ನ ಮತ್ತು ನಮ್ಮ ಯಜಮಾನರು ದೇವೇಂದ್ರ ಅವರ ಹೆಸರು ಕೊಟ್ಟಿದ್ದೆ. ನಾಡಿದ್ದು ಹೊರಡಬೇಕಿತ್ತು. ನಿನ್ನೆ ನಿಮ್ಮ ಆಫೀಸಿನಿಂದ ಫೋನಿಗೆ ಎರಡು ಸಾಲು ಬಂತು. ಹೊಸ ಜ್ವರದ ಭಯಕ್ಕೆ ಒಂಬತ್ತು ಜನ ಹಿಂದೆ ಸರಿದಿದ್ದಾರೆ, ಪ್ರವಾಸ ಮುಂದಕ್ಕೆ ಹೋಗಿದೆ, ಅಷ್ಟೆ.

ಹಣ ವಾಪಸು ಮಾಡಿದ್ದೀರಿ, ಅದರ ತಕರಾರಿಲ್ಲ. ನನಗೆ ಬೇಕಾಗಿರುವುದು ಒಂದು ಪತ್ರ. ನಿಮ್ಮ ಕಂಪನಿಯ ಹೆಸರಿರುವ ಹಾಳೆಯ ಮೇಲೆ, ನಮ್ಮ ಯಜಮಾನರ ಹೆಸರಿಗೆ, ಪ್ರವಾಸ ಏಕೆ ನಿಂತಿತು, ಮತ್ತೆ ಯಾವ ತಾರೀಕಿಗೆ ಹೊರಡುತ್ತದೆ ಎಂದು ಬರೆದು, ಸಹಿ ಮತ್ತು ಸೀಲು ಹಾಕಿ ಅಂಚೆಯಲ್ಲಿ ಕಳಿಸಿ. ಅವರು ಚಿಪ್ ಫ್ಯಾಕ್ಟರಿಯಲ್ಲಿ ಇಪ್ಪತ್ತೈದು ವರ್ಷ ಎಂಜಿನಿಯರ್ ಆಗಿದ್ದವರು. ಕಾಗದದ ಮೇಲೆ ಬಾರದ ಮಾತನ್ನು ನಂಬುವ ಜಾಯಮಾನ ಅವರದಲ್ಲ. ಇ-ಮೇಲ್ ಬೇಡ. ದಯವಿಟ್ಟು ತಡ ಮಾಡಬೇಡಿ.

ಜಲಜಾಕ್ಷಿ

*

ಬ್ರಿಕ್‌ಫೀಲ್ಡ್ಸ್, ಕೌಲಾಲಂಪುರ
28 ಫೆಬ್ರವರಿ 2020

ಮಾನ್ಯ ಶ್ರೀಮತಿ ಜಲಜಾಕ್ಷಿ ಅವರಿಗೆ,

ನಿಮಗಾದ ಬೇಸರಕ್ಕೆ ಕ್ಷಮೆ ಇರಲಿ. ಶ್ರೀ ದೇವೇಂದ್ರ ಅವರ ಹೆಸರಿನ ಪತ್ರ ಇದರ ಜೊತೆಗಿದೆ. ಕ್ಯುಶು ದ್ವೀಪದ ಇಜುಮಿ ಎಂಬ ಊರಿಗೆ ಕೊಕ್ಕರೆಗಳು ಉತ್ತರದಿಂದ ಬರುವುದು ಅಕ್ಟೋಬರ್ ನಂತರ. ಫೆಬ್ರವರಿ ಮುಗಿಯುತ್ತಲೇ ಅವು ಹೊರಟುಬಿಡುತ್ತವೆ. ಹಾಗಾಗಿ ಹೊಸ ತಾರೀಕು ನವೆಂಬರ್ 21 ಎಂದು ಬರೆದಿದ್ದೇನೆ. ಇದು ಅಂದಾಜು ಮಾತ್ರ, ಕರಾರು ಅಲ್ಲ ಎಂಬುದನ್ನು ತಾವು ಗಮನಿಸಬೇಕು.

ಆರೋಗ್ಯದ ಫಾರ್ಮ್ ಕಳಿಸಿದ್ದೇನೆ. ಬೆಳಗಿನ ಚಳಿಯಲ್ಲಿ ಎರಡು ತಾಸು ನಿಂತು ಹಕ್ಕಿ ನೋಡಬೇಕಾಗುತ್ತದೆ. ಇಬ್ಬರ ಆರೋಗ್ಯದ ವಿವರವನ್ನೂ ಮುಚ್ಚುಮರೆಯಿಲ್ಲದೆ ತುಂಬಿ ಕಳಿಸಿ.

ತಮ್ಮ ವಿಶ್ವಾಸಿ,
ಸದಾಶಿವ

*

ಬಯಾನ್ ಲೆಪಾಸ್
14 ಏಪ್ರಿಲ್ 2020

ಸದಾಶಿವ ಅವರಿಗೆ,

ಪತ್ರ ಸಿಕ್ಕಿತು. ಯಜಮಾನರು ದಿನಾ ಓದುತ್ತಾರೆ. ಅದಕ್ಕಾಗಿ ಥ್ಯಾಂಕ್ಸ್.

ನಿಮ್ಮಲ್ಲೂ ಹೀಗೇ ಇರಬೇಕು. ಮನೆಗೊಬ್ಬರೇ ಹೊರಗೆ ಹೋಗಿ ಸಾಮಾನು ತರಬಹುದು. ನಮ್ಮದು ಹದಿನಾಲ್ಕನೇ ಮಹಡಿ, ಬಾಲ್ಕನಿಯಿಂದ ಏರ್‌ಪೋರ್ಟ್ ಕಾಣುತ್ತದೆ. ಹತ್ತು ನಿಮಿಷಕ್ಕೊಂದು ವಿಮಾನ ಇಳಿಯುತ್ತಿದ್ದ ಜಾಗದಲ್ಲಿ ಈಗ ಸಾಲಾಗಿ ನಿಲ್ಲಿಸಿಬಿಟ್ಟಿದ್ದಾರೆ. ಯಜಮಾನರು ಬಾಗಿಲಿನಿಂದ ಬಾಲ್ಕನಿಗೆ, ಬಾಲ್ಕನಿಯಿಂದ ಬಾಗಿಲಿಗೆ ನಡೆಯುತ್ತಾರೆ. ಮೊದಲಿನಿಂದಲೂ ಸುಮ್ಮನೆ ಕೂರುವವರಲ್ಲ.

ಫಾರ್ಮ್ ತುಂಬಿದ್ದೇನೆ. ನನಗೆ ಸ್ವಲ್ಪ ಬಿ.ಪಿ. ಇದೆ. ಅವರಿಗೆ ಏನೂ ಇಲ್ಲ. ದಿನಕ್ಕೆ ಆರು ಕಿಲೋಮೀಟರ್ ನಡೆಯುತ್ತಾರೆ.

ಇನ್ನೊಂದು ಪತ್ರ ಬೇಕಾಗಿತ್ತು, ಅವರ ಹೆಸರಿಗೇ. ಐದು ದಿನದಲ್ಲಿ ಎಲ್ಲೆಲ್ಲಿ ಹೋಗುತ್ತೇವೆ, ಏನು ತಿನ್ನುತ್ತೇವೆ, ಎಷ್ಟು ಗಂಟೆಗೆ ಏಳಬೇಕು, ಎಲ್ಲ ವಿವರವಾಗಿರಲಿ. ಹೋದ ಸಲದಂತೆ ಸೀಲು ಮಾತ್ರ ಮರೆಯಬೇಡಿ.

ಜಲಜಾಕ್ಷಿ

*

ಬ್ರಿಕ್‌ಫೀಲ್ಡ್ಸ್
11 ಮೇ 2020

ಮಾನ್ಯ ಶ್ರೀಮತಿ ಜಲಜಾಕ್ಷಿ ಅವರಿಗೆ,

ಮೊದಲು ಒಂದು ಮಾತು ನೇರವಾಗಿ ಕೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ಪತ್ರದ ಮೇಲೆ ಪತ್ರ, ಅದಕ್ಕೆ ಸಹಿ, ಸೀಲು ಕೇಳುತ್ತಿದ್ದೀರಿ. ಕಂಪನಿಯ ಮೇಲೆ ದೂರು ಕೊಡುವ ವಿಚಾರವಿದೆಯೆ? ಹಾಗಿದ್ದರೆ ನಾನು ಬರೆಯುವ ಮೊದಲು ಮ್ಯಾನೇಜರ್‌ಗೆ ತೋರಿಸಬೇಕಾಗುತ್ತದೆ.

ಕೇಳಿದ ವಿವರ ಸರ್ ಹೆಸರಿನ ಪತ್ರದಲ್ಲಿದೆ. ನಿಮಗೂ ಇಷ್ಟು ಹೇಳುತ್ತೇನೆ. ಮೊದಲ ದಿನ ಫುಕುವೊಕಾದಲ್ಲಿ ಇಳಿದು ರೈಲಿನಲ್ಲಿ ಕುಮಮೊಟೊ. ಅಲ್ಲಿನ ಕೋಟೆ ನಾಲ್ಕು ವರ್ಷದ ಹಿಂದೆ ಭೂಕಂಪಕ್ಕೆ ಕುಸಿದಿತ್ತು. ಬಿದ್ದ ಒಂದೊಂದು ಕಲ್ಲಿಗೂ ನಂಬರ್ ಬರೆದು, ಯಾವುದು ಎಲ್ಲಿತ್ತೋ ಅಲ್ಲೇ ಕೂರಿಸುತ್ತಿದ್ದಾರೆ. ಮರುದಿನ ಇಜುಮಿ. ಕೊಯ್ಲಾದ ಗದ್ದೆಯಲ್ಲಿ ಹತ್ತು ಸಾವಿರಕ್ಕೂ ಮೇಲ್ಪಟ್ಟು ಕೊಕ್ಕರೆ ಇಳಿದಿರುತ್ತವೆ. ಅವನ್ನು ಎಣಿಸುವವರು ಆ ಊರಿನ ಶಾಲೆಯ ಮಕ್ಕಳು. ಊಟದ ಚಿಂತೆ ಬೇಡ. ಜಪಾನಿನಲ್ಲಿ ಸಾರಿಗೆಲ್ಲ ಒಣಮೀನಿನ ರಸ ಬೀಳುತ್ತದೆ, ಹಾಗಾಗಿ ಸಸ್ಯಾಹಾರಿಗಳಿಗೆ ಒಣ ಅಣಬೆಯ ರಸದಲ್ಲಿ ಬೇರೆ ಸಾರು ಮಾಡಿಸುತ್ತೇನೆ. ಬೀದಿಯಲ್ಲಿ ಸುಟ್ಟ ಗೆಣಸು ಸಿಗುತ್ತದೆ. ನಮ್ಮೂರಿನದಕ್ಕಿಂತ ಸಿಹಿ.

ಸದಾಶಿವ

*

ಬಯಾನ್ ಲೆಪಾಸ್
2 ಜೂನ್ 2020

ಸದಾಶಿವ ಅವರಿಗೆ,

ದೂರೂ ಇಲ್ಲ, ಕೇಸೂ ಇಲ್ಲ. ನಿಮ್ಮ ಮಾತು ಓದಿ ನಗು ಬಂತು, ಬಹಳ ದಿನಗಳ ಮೇಲೆ.

ಕೋಟೆಯ ಕಲ್ಲಿನ ವಿಷಯ ಯಜಮಾನರಿಗೆ ತುಂಬ ಹಿಡಿಸಿದೆ. 1991ರ ಕೊನೆಯಿಂದ ಅವರು ಆರು ತಿಂಗಳು ತರಬೇತಿಗೆಂದು ಕುಮಮೊಟೊದಲ್ಲೇ ಇದ್ದರು. ಆಗ ಒಂದು ಭಾನುವಾರ ಅವರ ಸೂಪರ್‌ವೈಸರ್ ಇಜುಮಿಗೆ ಕರೆದುಕೊಂಡು ಹೋಗಿದ್ದರಂತೆ. ಆ ಕಾಲದ ವಿಷಯ ಕೇಳಿದರೆ ಎಲ್ಲ ಹೇಳುತ್ತಾರೆ.

ಜಲಜಾಕ್ಷಿ

*

ಬಯಾನ್ ಲೆಪಾಸ್
18 ಸೆಪ್ಟೆಂಬರ್ 2020

ಸದಾಶಿವ ಅವರಿಗೆ,

ನವೆಂಬರಿನಲ್ಲಿ ಯಾರೂ ಎಲ್ಲಿಗೂ ಹೋಗುವುದಿಲ್ಲವೆಂದು ನಿಮಗೂ ಗೊತ್ತು, ನನಗೂ ಗೊತ್ತು. ದಯವಿಟ್ಟು ಅಕ್ಟೋಬರ್ ಮುಗಿಯುವ ಮೊದಲು ಹೊಸ ತಾರೀಕಿನ ಪತ್ರ ಬರಲಿ. ‘ರದ್ದು’ ಎಂಬ ಶಬ್ದ ಅದರಲ್ಲಿ ಎಲ್ಲೂ ಬರಬಾರದು. ತೀರ ದೂರದ ತಾರೀಕೂ ಬೇಡ. ನಿಮ್ಮ ಆಫೀಸಿಗೆ ಎರಡು ಸಲ ಫೋನ್ ಮಾಡಿದೆ, ಲೈನ್ ಸಿಗಲಿಲ್ಲ. ನಾನೇ ನಂಬರ್ ತಪ್ಪು ಒತ್ತಿರಬೇಕು.

ಜಲಜಾಕ್ಷಿ

*

ಬ್ರಿಕ್‌ಫೀಲ್ಡ್ಸ್
9 ಅಕ್ಟೋಬರ್ 2020

ಜಲಜಾಕ್ಷಿ ಅಮ್ಮನವರಿಗೆ,

ಸರ್ ಹೆಸರಿನ ಪತ್ರ ಇದರೊಳಗಿದೆ. 2021ರ ಫೆಬ್ರವರಿ 6 ಎಂದು ಬರೆದಿದ್ದೇನೆ. ಈಗ ಎಲ್ಲರೂ ಮನೆಯಿಂದಲೇ ಕೆಲಸ ಮಾಡುವುದರಿಂದ ಆಫೀಸಿನ ಫೋನ್ ತೆಗೆಯುವವರಿಲ್ಲ. ಅದಕ್ಕೇ ಹಾಳೆಯ ಮೇಲಿನ ನಂಬರ್ ಹೊಡೆದುಹಾಕಿ ನನ್ನ ಮೊಬೈಲ್ ನಂಬರ್ ಕೈಯಲ್ಲಿ ಬರೆದಿದ್ದೇನೆ.

ಹನ್ನೊಂದು ಗುಂಪುಗಳನ್ನು ಇಜುಮಿಗೆ ಕರೆದುಕೊಂಡು ಹೋದವನು ನಾನು. ಈ ವರ್ಷ ಅಕ್ಟೋಬರ್ ಬಂದರೂ ಬ್ಯಾಗು ಕಟ್ಟದೆ ಕೂತಿದ್ದೇನೆ, ಕಾಲು ನಿಲ್ಲುತ್ತಿಲ್ಲ. ಮನೆ ಸೀರೆ ಅಂಗಡಿಯ ಮೇಲೆ, ಎರಡೇ ಕೋಣೆ. ಹೆಂಡತಿ ಸೆಲ್ವಿ ಇಲ್ಲಿಯವಳೇ, ತಮಿಳಿನವಳು. ಹೊಲಿಗೆ ಮಾಡುತ್ತಾಳೆ. ‘ನೀವು ಹೀಗೆ ಓಡಾಡಿದರೆ ನನ್ನ ಮಿಷನ್ನಿನ ದಾರ ಸಿಕ್ಕಾಗುತ್ತದೆ’ ಎಂದು ಬೈಯುತ್ತಾಳೆ. ನಿಮಗೆ ಪತ್ರ ಬರೆಯುವಾಗ ಮಾತ್ರ ಒಂದು ತಾಸು ಕೂರುತ್ತೇನೆ. ಹಾಗಾಗಿ ಇನ್ನೂ ಪತ್ರ ಬೇಕಾದರೆ ಕೇಳಲು ಸಂಕೋಚ ಬೇಡ.

ಸದಾಶಿವ

*

ಬಯಾನ್ ಲೆಪಾಸ್
25 ಜನವರಿ 2021

ಸದಾಶಿವ ಅವರಿಗೆ,

ಮತ್ತೆ ಲಾಕ್‌ಡೌನ್. ಫೆಬ್ರವರಿ 6 ಹತ್ತಿರ ಬಂತು. ಬೇಗ ಇನ್ನೊಂದು ತಾರೀಕು ಕೊಡಿ. ಹಕ್ಕಿಗಳು ಯಾವಾಗ ಬರುತ್ತವೆಂಬ ಲೆಕ್ಕ ಈಗ ಬೇಡ, ಹತ್ತಿರದ ಯಾವುದಾದರೂ ತಾರೀಕು ಇರಲಿ.

ಜಲಜಾಕ್ಷಿ

*

ಬ್ರಿಕ್‌ಫೀಲ್ಡ್ಸ್
3 ಫೆಬ್ರವರಿ 2021

ಜಲಜಾಕ್ಷಿ ಅಮ್ಮನವರಿಗೆ,

ಜೂನ್ 9 ಎಂದು ಬರೆದಿದ್ದೇನೆ. ಜೂನ್‌ನಲ್ಲಿ ಇಜುಮಿಯಲ್ಲಿ ಒಂದು ಕೊಕ್ಕರೆಯೂ ಇರುವುದಿಲ್ಲ ಎಂದು ನಿಮಗೆ ಗೊತ್ತಿದ್ದೇ ಕೇಳುತ್ತಿದ್ದೀರಿ. ಏಕೆ ಎಂದು ನಾನು ಕೇಳುವುದಿಲ್ಲ. ಪತ್ರದಲ್ಲಿ ‘ಜಪಾನಿನ ಬೇಸಿಗೆ ಪ್ರವಾಸ’ ಎಂದು ಹಾಕಿದ್ದೇನೆ. ಬರೆಯುವಾಗ ಕೈ ಸ್ವಲ್ಪ ಹಿಂದೇಟು ಹಾಕಿತು.

ಸದಾಶಿವ

*

ಬಯಾನ್ ಲೆಪಾಸ್
12 ಜೂನ್ 2021

ಸದಾಶಿವ,

ನೀವು ನನಗಿಂತ ಹದಿನೈದು ವರ್ಷವಾದರೂ ಚಿಕ್ಕವರು. ಇನ್ನು ‘ಅವರಿಗೆ’ ಎಂದು ಬರೆಯುವುದಿಲ್ಲ. ಬುಧವಾರದ ಮೇಲೆ ಅಂಥ ದೂರ ಉಳಿದಿಲ್ಲ.

ನಡೆದದ್ದು ಹೀಗೆ. ತರಕಾರಿ ಬುಟ್ಟಿ ಲಾಬಿಗೆ ಬಂದಿದೆ ಎಂದು ಫೋನ್ ಬಂತು. ಕೆಳಗೆ ಹೋಗಿ ಬರಲು ಹದಿನೈದು ನಿಮಿಷ ಹಿಡಿಯಿತು. ಬೀಗ ಹಾಕಿದ್ದೆ ಎಂದುಕೊಂಡಿದ್ದೆ. ಬಂದು ನೋಡಿದರೆ ಬಾಗಿಲು ತೆರೆದಿದೆ, ಅವರಿಲ್ಲ, ಬ್ಯಾಗಿಲ್ಲ. ಹಿಂಬದಿಯ ಲಿಫ್ಟಿನಲ್ಲಿ ಇಳಿದು ಪಾರ್ಕಿಂಗ್ ದಾರಿಯಲ್ಲಿ ಹೊರಟುಹೋಗಿದ್ದರು. ಜೂನ್ 9 ಎಂದು ನಿಮ್ಮ ಪತ್ರದಲ್ಲಿತ್ತಲ್ಲ. ಎರಡು ಸ್ವೆಟರ್ ಹಾಕಿಕೊಂಡು, ಉರಿ ಬಿಸಿಲಲ್ಲಿ, ಏರ್‌ಪೋರ್ಟ್ ರಸ್ತೆಯಲ್ಲಿ ಎರಡು ಕಿಲೋಮೀಟರ್ ನಡೆದಿದ್ದಾರೆ. ತಿರುವಿನಲ್ಲಿ ಪೊಲೀಸರು ತಡೆದು, ‘ಅಂಕಲ್, ಎಲ್ಲಿಗೆ ಲಾ?’ ಎಂದು ಕೇಳಿದರೆ ನಿಮ್ಮ ಪತ್ರ ತೋರಿಸಿದ್ದಾರೆ. ಪೊಲೀಸಿನವನು ಅದರಲ್ಲಿದ್ದ ನಿಮ್ಮ ಮೊಬೈಲ್ ನಂಬರಿಗೆ ಫೋನ್ ಮಾಡಿದ.

ನೀವು ಇನ್ನೊಂದು ಫೋನಿನಿಂದ ನನಗೆ ತಿಳಿಸದಿದ್ದರೆ ನಾನು ಎಲ್ಲಿ ಹುಡುಕುತ್ತಿದ್ದೆನೋ. ಓಡುತ್ತಾ ಹೋದೆ. ಅವರು ನೆರಳಿನಲ್ಲಿ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕೂತು ಪೊಲೀಸಿನವನ ಫೋನಿನಲ್ಲಿ ನಿಮ್ಮ ಜೊತೆ ಮಾತಾಡುತ್ತಾ ನಗುತ್ತಿದ್ದರು. ನಲವತ್ತು ನಿಮಿಷ ಆಯಿತು, ಫೋನ್ ಕೊಡುತ್ತಲೇ ಇಲ್ಲ ಎಂದ ಅವನು. ಅವನಿಗೂ ಬೇಸರವಾದಂತೆ ಕಾಣಲಿಲ್ಲ.

ಫಾರ್ಮಿನಲ್ಲಿ ನಾನು ಬರೆದದ್ದು ಸುಳ್ಳು. ಮರೆವಿನ ಕಾಯಿಲೆ 2019ರಲ್ಲೇ ಶುರುವಾಗಿತ್ತು. ಡಾಕ್ಟರು ಹೆಸರಿಟ್ಟು ಹೇಳಿದ್ದಾರೆ. ನಿಮಗೆ ತಿಳಿಸಿದ್ದರೆ ನೀವು ಅವರನ್ನು ಸೇರಿಸಿಕೊಳ್ಳುತ್ತಿರಲಿಲ್ಲ. ಪ್ರವಾಸ ನಿಂತ ದಿನದಿಂದ ಬೆಳಗಾದರೆ ಬ್ಯಾಗು ಕಟ್ಟುವುದು, ಬಾಗಿಲ ಹತ್ತಿರ ನಿಲ್ಲುವುದು. ಇವತ್ತು ಬೇಡ ಬಿಡಿ ಎಂದರೆ ಕೂಗಾಟ. ನಿಮ್ಮ ಪತ್ರ ಕೈಗೆ ಕೊಟ್ಟರೆ ಓದುತ್ತಾರೆ, ತಾರೀಕು ನೋಡುತ್ತಾರೆ, ‘ಓ, ಇವತ್ತಲ್ಲ’ ಎಂದು ಕೂರುತ್ತಾರೆ. ಒಂದು ದಿನ ಕಳೆಯುತ್ತದೆ. ಒಂದೂವರೆ ವರ್ಷ ನಾನು ಹಾಗೆ ದಿನ ಕಳೆದದ್ದು.

ಇನ್ನೊಂದು. ನಿಮ್ಮ ಕಂಪನಿ ಮುಚ್ಚಿದ್ದು ನನಗೆ ಹೋದ ಸೆಪ್ಟೆಂಬರಿನಲ್ಲೇ ಗೊತ್ತಾಗಿತ್ತು. ನಂಬರ್ ತಪ್ಪು ಒತ್ತಿರಲಿಲ್ಲ. ಅದು ಬಳಕೆಯಲ್ಲಿಲ್ಲ ಎಂದಿತು ಮೆಷಿನ್. ಸಂಘದವರೂ ಹೌದು ಎಂದರು. ಸುಮ್ಮನಿದ್ದೆ. ಕೇಳಿದರೆ ನೀವು ಬರೆಯುವುದನ್ನು ನಿಲ್ಲಿಸುತ್ತೀರಿ ಎಂಬ ಹೆದರಿಕೆ.

ಅವರು ನಿಮ್ಮ ಹತ್ತಿರ ಅಷ್ಟು ಹೊತ್ತು ಏನು ಮಾತಾಡಿದರು? ನನ್ನ ಜೊತೆ ನಾಲ್ಕು ಮಾತಾಡುವುದೂ ಕಷ್ಟವಾಗಿದೆ.

ಜಲಜಾಕ್ಷಿ

*

ಬ್ರಿಕ್‌ಫೀಲ್ಡ್ಸ್
26 ಜೂನ್ 2021

ಜಲಜಕ್ಕಾರಿಗೆ ನಮಸ್ಕಾರ.

ನಮ್ಮ ಕಡೆ ಅಕ್ಕಾರ ಅಂತೀವಿ, ಹಾಗೇ ಕರೆಯುತ್ತೇನೆ.

ಕಂಪನಿ ಮುಚ್ಚಿದ್ದು ಹೋದ ವರ್ಷ ಆಗಸ್ಟಿನಲ್ಲಿ. ಬಾಗಿಲು ಹಾಕುವ ದಿನ ಹಾಳೆ ಮತ್ತು ಸೀಲು ಕಸದ ಬುಟ್ಟಿಗೆ ಹೋಗುತ್ತಿದ್ದವು, ನಾನು ಎತ್ತಿಕೊಂಡು ಬಂದೆ. ನಿಮಗಾಗಿ ಅಂತ ಸುಳ್ಳು ಹೇಳುವುದಿಲ್ಲ. ನಾನು ಗೈಡ್ ಅಲ್ಲ ಅಂತ ಒಪ್ಪಿಕೊಳ್ಳಲು ಆಗಲಿಲ್ಲ. ಈಗ ನಮ್ಮ ಬೀದಿಯ ಬಾಳೆಲೆ ಊಟದ ಹೋಟೆಲಿನಲ್ಲಿ ತಪಾವ್ ಕಟ್ಟುತ್ತೇನೆ, ಅಂದರೆ ಪಾರ್ಸೆಲ್. ಅನ್ನ, ಸಾಂಬಾರು, ಎರಡು ಪಲ್ಯ. ಈ ತಿಂಗಳು ಊಟಕ್ಕಿಲ್ಲದವರು ಕಿಟಕಿಗೆ ಬಿಳಿ ಬಟ್ಟೆ ಕಟ್ಟುತ್ತಿದ್ದಾರಲ್ಲ, ಮಾಲೀಕರು ಅಂಥ ಮನೆಗಳಿಗೂ ಕಳಿಸುತ್ತಾರೆ. ಮೂರು ಮಹಡಿ, ನಾಲ್ಕು ಮಹಡಿ ಹತ್ತಿ ಕೊಟ್ಟು ಬರುವ ಕೆಲಸ ನನ್ನದು. ಅವತ್ತು ಪೊಲೀಸರ ಫೋನ್ ಬಂದಾಗ ಕೈತುಂಬ ಸಾಂಬಾರು ಇತ್ತು.

‘ಗೈಡ್ ಸದಾಶಿವ ಅವರಾ? ನಾನು ದೇವೇಂದ್ರ. ಏರ್‌ಪೋರ್ಟ್ ಹತ್ತಿರ ಬಂದಿದ್ದೀನಿ. ನಿಮ್ಮ ಗುಂಪು ಎಲ್ಲಿ?’ ಅಂದರು.

‘ಸರ್, ಫ್ಲೈಟ್ ತಡ ಇದೆ’ ಅಂದೆ.

‘ಎಷ್ಟು ತಡ?’

‘ಬಹಳ ತಡ, ಸರ್.’

‘ಹಾಗಾದರೆ ಮಾತಾಡ್ತಾ ಇರಿ. ಸುಮ್ನೆ ಕೂರೋಕಾಗಲ್ಲ ನನಗೆ.’

ಎರಡೇ ನಿಮಿಷದಲ್ಲಿ ನನಗೆ ಅರ್ಥವಾಯಿತು. ಕೇಳಿದ್ದನ್ನೇ ಮತ್ತೆ ಕೇಳುತ್ತಿದ್ದರು. ಆದರೆ ಕುಮಮೊಟೊ ವಿಷಯ ತೆಗೆದದ್ದೇ ಮಾತು ಸರಾಗವಾಯಿತು. ಸೂಪರ್‌ವೈಸರ್ ಅವರ ಹಳೇ ಕಾರು, ಅದರ ಹೀಟರ್ ಕೆಟ್ಟಿದ್ದು, ಗದ್ದೆ ಬದುವಿನಲ್ಲಿ ನಿಂತು ಸುಟ್ಟ ಗೆಣಸು ತಿಂದದ್ದು, ಹಕ್ಕಿಗಳೆಲ್ಲ ಒಟ್ಟಿಗೆ ಎದ್ದಾಗ ಕಿವಿಗೆ ಬೇರೇನೂ ಕೇಳದೆ ಹೋದದ್ದು. ಹನ್ನೊಂದು ಸಲ ಹೋದ ನನಗೂ ಅಷ್ಟು ಚೆನ್ನಾಗಿ ಹೇಳಲು ಬರುವುದಿಲ್ಲ.

ಇನ್ನೂ ಒಂದು ಮಾತು ಹೇಳಿದರು. ಅದನ್ನು ಯಾರಿಗೂ ಹೇಳಬೇಡಿ ಅಂದರು. ಹೇಳುವುದಿಲ್ಲ.

ಅಕ್ಕಾರ, ನನ್ನ ತಾರೀಕು ನಂಬಿ ಅವರು ಆ ಬಿಸಿಲಲ್ಲಿ ನಡೆದರು. ಒಂದು ಲಾರಿ ಬಂದಿದ್ದರೆ? ಇನ್ನು ನಾನು ಸುಳ್ಳು ತಾರೀಕು ಬರೆಯಲಾರೆ. ಕ್ಷಮಿಸಿ.

ಸದಾಶಿವ

*

ಬಯಾನ್ ಲೆಪಾಸ್
5 ಜುಲೈ 2021

ಸದಾಶಿವ,

ನಿಮಗೆ ನಿಮ್ಮ ಪ್ರಾಮಾಣಿಕತೆ ದೊಡ್ಡದು. ಬೆಳಿಗ್ಗೆ ಆರಕ್ಕೆ ಬಾಗಿಲು ಬಡಿಯುವ ಮನುಷ್ಯನ ಎದುರು ನಿಲ್ಲುವವಳು ನಾನು.

ತಾರೀಕು ಹಾಕಬೇಡಿ. ಆದರೆ ಬರೆಯಿರಿ.

ಜ.

*

ಬ್ರಿಕ್‌ಫೀಲ್ಡ್ಸ್
13 ಜುಲೈ 2021

ದೇವೇಂದ್ರ ಸರ್ ಅವರಿಗೆ ನಮಸ್ಕಾರ.

ನಾನು ಗೈಡ್ ಸದಾಶಿವ. ನಾವು ಜೂನ್‌ನಲ್ಲಿ ಫೋನಿನಲ್ಲಿ ಮಾತಾಡಿದ್ದೆವು. ಜಪಾನಿನವರು ಬಾಗಿಲು ಹಾಕಿದ್ದಾರೆ. ಯಾವಾಗ ತೆರೆಯುತ್ತಾರೋ ನನಗೂ ಗೊತ್ತಿಲ್ಲ. ತೆರೆದ ದಿನ ಮೊದಲು ನಿಮಗೇ ಬರೆಯುತ್ತೇನೆ. ಅಲ್ಲಿಯವರೆಗೆ ಇಬ್ಬರೂ ಮನೆಯಲ್ಲೇ ಕಾಯೋಣ. ನನಗೂ ಕೂತಲ್ಲಿ ಕೂರಲಾಗುವುದಿಲ್ಲ, ನಿಮ್ಮ ಹಾಗೇ.

ಕೊಕ್ಕರೆಗಳು ಈಗ ಸೈಬೀರಿಯಾದ ಜೌಗಿನಲ್ಲಿ ಮರಿ ಬೆಳೆಸುತ್ತಿರುತ್ತವೆ. ಅವಕ್ಕೆ ಈ ಗಡಿಗಿಡಿ ಯಾವುದೂ ಗೊತ್ತಿಲ್ಲ.

ಸದಾಶಿವ

*

ಬಯಾನ್ ಲೆಪಾಸ್
30 ಜುಲೈ 2021

ಸದಾಶಿವ,

ಪತ್ರ ಕೊಟ್ಟೆ. ಎರಡು ಸಲ ಓದಿ, ‘ತಾರೀಕು ಎಲ್ಲಿ?’ ಎಂದರು. ಅವನಿಗೂ ಗೊತ್ತಿಲ್ಲವಂತೆ ಎಂದೆ. ಕೂಗುತ್ತಾರೆ ಎಂದು ಕಾದೆ. ‘ಮೂರು ಸಲ ತಾರೀಕು ತಪ್ಪಿದ ಮೇಲೆ ಗೊತ್ತಿಲ್ಲ ಅನ್ನೋನೇ ಸರಿಯಾದ ಮನುಷ್ಯ’ ಎಂದರು. ಫ್ಯಾಕ್ಟರಿಯಲ್ಲಿ ಸಾಮಾನು ಕಳಿಸುವವರ ಬಗ್ಗೆ ಹೀಗೇ ಹೇಳುತ್ತಿದ್ದರು.

ಹೋದ ಪತ್ರದಲ್ಲಿ ಒರಟಾಗಿ ಬರೆದೆ. ನಿದ್ದೆಯಿರಲಿಲ್ಲ. ಇಬ್ಬರಿಗೂ ಲಸಿಕೆಯ ಮೊದಲ ಡೋಸ್ ಆಯಿತು. ಬಿಳಿ ಬಟ್ಟೆ ಕಟ್ಟಿದ ಮನೆಗಳಿಗೆ ಹೋಗುವಾಗ ನೀವೂ ಮಾಸ್ಕ್ ಸರಿಯಾಗಿ ಹಾಕಿಕೊಳ್ಳಿ.

ಜಲಜಕ್ಕ

*

ಬ್ರಿಕ್‌ಫೀಲ್ಡ್ಸ್
17 ಅಕ್ಟೋಬರ್ 2022

ಜಲಜಕ್ಕಾರಿಗೆ ನಮಸ್ಕಾರ.

ಹೋದ ಡಿಸೆಂಬರಿನಿಂದೀಚೆಗೆ ನಿಮ್ಮ ಕಾಗದ ಇಲ್ಲ. ನಾನು ಬರೆದ ಮೂರು ಪತ್ರ ತಲುಪಿರಬೇಕು ಅಂದುಕೊಂಡಿದ್ದೇನೆ. ಫೋನ್ ಮಾಡಬಹುದಿತ್ತು, ಯಾಕೋ ಧೈರ್ಯ ಬರಲಿಲ್ಲ.

ಈ ತಿಂಗಳು ಜಪಾನ್ ಪೂರ್ತಿ ತೆರೆದಿದೆ. ಹಳೇ ಪರಿಚಯದ ಒಬ್ಬರು ಸಣ್ಣದಾಗಿ ಪ್ರವಾಸದ ಕೆಲಸ ಮತ್ತೆ ಶುರು ಮಾಡಿ ನನ್ನನ್ನು ಕರೆದಿದ್ದಾರೆ. ಮೊದಲ ಗುಂಪಿನಲ್ಲಿ ಏಳೇ ಜನ. ಜನವರಿ 14ಕ್ಕೆ ಹೊರಡುವುದು. ಇದು ನಿಜವಾದ ತಾರೀಕು, ಅಕ್ಕಾರ. ಎರಡು ಸೀಟು ಹಿಡಿದಿಟ್ಟಿದ್ದೇನೆ. ಸರ್ ಜೊತೆ ನಾನೇ ಇರುತ್ತೇನೆ, ಒಂದು ಕ್ಷಣ ಬಿಡುವುದಿಲ್ಲ.

ಸದಾಶಿವ

*

ಬಯಾನ್ ಲೆಪಾಸ್
1 ನವೆಂಬರ್ 2022

ಸದಾಶಿವ,

ಎರಡೂ ಸೀಟು ಬಿಟ್ಟುಬಿಡಿ.

ಪತ್ರಗಳು ತಲುಪಿವೆ. ಓದಿ ಹೇಳಿದ್ದೇನೆ, ಅವರಿಗೆ ಓದಲು ಆಗುವುದಿಲ್ಲ ಈಗ. ಹೋದ ವರ್ಷದ ದೀಪಾವಳಿ ಕಳೆದ ಮೇಲೆ ಜಪಾನ್ ಎಂಬ ಮಾತೇ ಎತ್ತಿಲ್ಲ. ಬಾಗಿಲ ಹತ್ತಿರ ಹೋಗುವುದಿಲ್ಲ. ಕೂರಿಸಿದಲ್ಲಿ ಕೂರುತ್ತಾರೆ. ಇದೇ ಬೇಕೆಂದು ಎರಡು ವರ್ಷ ದೇವರಿಗೆ ಕೈಮುಗಿದೆ, ಈಗ ಆ ನಡಿಗೆಯ ಸದ್ದಿಲ್ಲದೆ ನನಗೇ ಒಂದು ಕಡೆ ನಿಲ್ಲಲಾಗುತ್ತಿಲ್ಲ. ಬಾಗಿಲಿನಿಂದ ಬಾಲ್ಕನಿಗೆ ಈಗ ನಡೆಯುವವಳು ನಾನು.

ನಿಜ ಹೇಳಲೇ? ಆ ಹಕ್ಕಿಗಳನ್ನು ಕಂಡರೆ ನನಗಾಗದು. 1992ರ ಜನವರಿಯಲ್ಲಿ, ಅವರು ಅಲ್ಲಿದ್ದಾಗ, ಮೈಸೂರಿನಲ್ಲಿ ನನಗೆ ಐದು ತಿಂಗಳಿಗೆ ಗರ್ಭಪಾತವಾಯಿತು. ದೂರದಲ್ಲಿರುವವನಿಗೆ ಬರೆದು ಸಂಕಟ ಕೊಡಬೇಡ ಎಂದರು ಅತ್ತೆ. ಬರೆಯಲಿಲ್ಲ. ಅದೇ ವಾರ ಅವರ ಪತ್ರ ಬಂತು, ನಾಲ್ಕು ಪುಟ, ಪೂರ್ತಿ ಕೊಕ್ಕರೆ. ಊರಿಗೆ ಬಂದ ಮೇಲೆಯೇ ಅವರಿಗೆ ಗೊತ್ತಾದದ್ದು. ಆಮೇಲೆ ಮಕ್ಕಳಾಗಲಿಲ್ಲ. ಅವರು ಜಪಾನ್ ಎಂದಾಗಲೆಲ್ಲ, ನಾನಿಲ್ಲದ ಆ ಆರು ತಿಂಗಳೇ ಇವರ ಸುಖದ ಕಾಲ ಎಂದು ನನ್ನೊಳಗೆ ಉರಿಯುತ್ತಿತ್ತು. ಆದರೂ ಅವರಿಗೋಸ್ಕರ ಹೆಸರು ಕೊಟ್ಟೆ. ಈಗ ಅವರಿಗೇ ಬೇಡವಾದ ಮೇಲೆ ಯಾರಿಗಾಗಿ ಹೋಗುವುದು?

ಜಲಜಕ್ಕ

*

ಬ್ರಿಕ್‌ಫೀಲ್ಡ್ಸ್
10 ನವೆಂಬರ್ 2022

ಅಕ್ಕಾರ,

ಸರ್ ಯಾರಿಗೂ ಹೇಳಬೇಡಿ ಅಂದಿದ್ದ ಮಾತನ್ನು ಈಗ ಹೇಳುತ್ತೇನೆ. ಅವರಿಗೇ ಅದರ ನೆನಪು ಉಳಿದಿಲ್ಲ ಅಂದಮೇಲೆ ನಾನೊಬ್ಬನೇ ಇಟ್ಟುಕೊಳ್ಳುವುದು ಸರಿಯಲ್ಲ.

ಅವತ್ತು ಫೋನಿನಲ್ಲಿ ದನಿ ಇಳಿಸಿ ಕೇಳಿದರು, ‘ಎರಡು ಸೀಟು ಇದೆ ತಾನೇ?’

‘ಇದೆ ಸರ್.’

‘ಒಂದೇ ಸಿಕ್ಕಿದರೆ ಅವಳಿಗೆ ಕೊಡಿ. ನಾನು ನೋಡಿದ್ದೀನಿ. ಅವಳು ನೋಡಿಲ್ಲ. ಆಗ ಅವಳಿಗೆ ಹುಷಾರಿರಲಿಲ್ಲ, ನನಗೆ ಯಾರೂ ಹೇಳಲಿಲ್ಲ. ನಾನು ಅಲ್ಲಿ ಹಕ್ಕಿ ನೋಡ್ತಾ ನಿಂತಿದ್ದೆ.’

ಆಮೇಲೆ, ‘ಅವಳಿಗೆ ಗೊತ್ತಾಗಬಾರದು. ಗೊತ್ತಾದರೆ ಬರಲ್ಲ ಅಂತಾಳೆ. ನನಗೆ ಆಸೆ ಅಂತ ಹೇಳಿದರೆ ಬರ್ತಾಳೆ’ ಅಂತ ನಕ್ಕರು. ಅಷ್ಟರಲ್ಲಿ ನೀವು ಬಂದಿರಿ.

ಒಂದು ಸೀಟು ಹಿಡಿದೇ ಇಟ್ಟಿರುತ್ತೇನೆ, ಈ ತಿಂಗಳ ಕೊನೆಯವರೆಗೆ.

ಸದಾಶಿವ

*

ಬಯಾನ್ ಲೆಪಾಸ್
27 ನವೆಂಬರ್ 2022

ಸದಾಶಿವ,

ಮೈದುನ ಮಹೇಶ ಮೈಸೂರಿನಿಂದ ಜನವರಿ ಹತ್ತಕ್ಕೆ ಬಂದು ಅಣ್ಣನ ಜೊತೆ ಎರಡು ವಾರ ಇರುತ್ತಾನೆ. ಮೂರನೇ ಲಸಿಕೆಯ ಸರ್ಟಿಫಿಕೇಟ್ ಇದೆ. ಫಾರ್ಮ್ ಕಳಿಸಿದ್ದೇನೆ. ಈ ಸಲ ಎಲ್ಲ ನಿಜ ಬರೆದಿದ್ದೇನೆ. ಬಿ.ಪಿ. ಜೊತೆಗೆ ಮೊಣಕಾಲು ನೋವೂ ಇದೆ.

ಒಂದು ಸೀಟು.

ಜಲಜಕ್ಕ

*

ಬಯಾನ್ ಲೆಪಾಸ್
2 ಫೆಬ್ರವರಿ 2023

ಪ್ರಿಯ ಸದಾಶಿವ,

ಐದು ದಿನ ಜೊತೆಗಿದ್ದೂ ನಿಮಗೆ ಹೇಳದೆ ಉಳಿಸಿಕೊಂಡದ್ದನ್ನು ಬರೆಯುತ್ತಿದ್ದೇನೆ. ಎದುರಿಗೆ ಕೂತು ಹೇಳಲು ಬರಲಿಲ್ಲ. ಮೂರು ವರ್ಷ ಕಾಗದದಲ್ಲೇ ಮಾತಾಡಿ ಅದೇ ಅಭ್ಯಾಸವಾಗಿದೆ.

ಇಜುಮಿಯ ಎರಡನೇ ಬೆಳಿಗ್ಗೆ ನಾನು ಗುಂಪು ಬಿಟ್ಟು ವ್ಯಾನಿಗೆ ಹೋಗಿ ಕೂತೆ. ನೀವು ನೋಡಿಯೂ ಏನೂ ಕೇಳಲಿಲ್ಲ, ಸ್ವಲ್ಪ ಹೊತ್ತಿನ ಮೇಲೆ ಸುಟ್ಟ ಗೆಣಸು ತಂದು ಕೈಗಿಟ್ಟು ಹೋದಿರಿ. ಹಕ್ಕಿಜ್ವರ ಬಂದು ಈ ಚಳಿಗಾಲ ಸಾವಿರಕ್ಕೂ ಹೆಚ್ಚು ಕೊಕ್ಕರೆ ಸತ್ತಿವೆ ಎಂದು ಹಿಂದಿನ ಸಂಜೆ ಹೇಳಿದ್ದಿರಿ. ಅದಕ್ಕೇ ಅಳುತ್ತಿದ್ದೇನೆಂದು ಜೊತೆಯವರು ತಿಳಿದರು. ಅದಲ್ಲ.

ಮೊದಲ ದಿನ ಅಷ್ಟೊಂದು ಹಕ್ಕಿಗಳ ಗದ್ದಲದಲ್ಲಿ ನನಗೆ ಏನೂ ಅನ್ನಿಸಲಿಲ್ಲ. ಇದಕ್ಕಾ ಇಷ್ಟು ಮಾತು ಎನ್ನಿಸಿತು. ಎರಡನೇ ದಿನ ನೀವು ದೂರದರ್ಶಕ ಹಿಡಿದು ಕೊಟ್ಟು, ‘ಗುಂಪು ನೋಡಬೇಡಿ ಅಕ್ಕಾರ, ಒಂದೊಂದೇ ಮನೆ ನೋಡಿ’ ಎಂದಿರಿ. ಆಗ ಕಂಡಿತು. ತಂದೆ, ತಾಯಿ, ನಡುವೆ ಕಂದು ತಲೆಯ ಮರಿ. ಮೂರು ಮೂರೇ ಮೇಯುತ್ತಿದ್ದವು. ಅವುಗಳ ನಡುವೆ ಎರಡೇ ಇದ್ದವೂ ಬಹಳ ಇದ್ದವು. ‘ಈ ವರ್ಷ ಮರಿ ಉಳಿಯದ ಜೋಡಿ ಇವು. ಆದರೂ ಒಟ್ಟಿಗೇ ಬರುತ್ತವೆ’ ಎಂದು ನೀವು ಬೇರೆಯವರಿಗೆ ವಿವರಿಸುತ್ತಿದ್ದಿರಿ.

ಮೂವತ್ತೊಂದು ವರ್ಷದ ಹಿಂದೆ ಇವರು ಇದೇ ಗದ್ದೆ ನೋಡಿದ್ದಾರೆ. ಮೂರು ಮೂರು ಇರುವವನ್ನು ನೋಡಿ, ಜೂನ್ ಹೊತ್ತಿಗೆ ನಾವೂ ಮೂವರು ಎಂದುಕೊಂಡು ಆ ನಾಲ್ಕು ಪುಟ ಬರೆದಿರಬೇಕು. ನಾನು ಅದನ್ನು ಪೂರ್ತಿ ಓದಿರಲೂ ಇಲ್ಲ. ಒಂದೂವರೆ ಪುಟಕ್ಕೇ ನಿಲ್ಲಿಸಿ, ಹರಿದು ಒಲೆಗೆ ಹಾಕಿದ್ದೆ. ಅದು ನೆನಪಾಗಿ ಅಲ್ಲಿ ನಿಲ್ಲಲಾಗಲಿಲ್ಲ.

ಆಮೇಲಿನ ದಿನಗಳು ಚೆನ್ನಾಗಿದ್ದವು. ಹೊಗೆಯಾಡುವ ಜ್ವಾಲಾಮುಖಿ ಬೆಟ್ಟದ ಬೂದಿ ಇನ್ನೂ ನನ್ನ ಚಪ್ಪಲಿಯಲ್ಲಿದೆ. ನಿಮ್ಮ ಅಣಬೆ ಸಾರು ನಮ್ಮ ತಿಳಿಸಾರಿಗೆ ಸಮ ಅಲ್ಲ, ಆದರೆ ಆ ಚಳಿಗೆ ಸರಿಯಾಗಿತ್ತು.

ಮನೆಗೆ ಬಂದಾಗ ಮಧ್ಯಾಹ್ನ ಎರಡು ಗಂಟೆ. ಮಹೇಶ ಊಟ ಮಾಡಿಸಿದ್ದ. ಇವರು ಸೋಫಾದಲ್ಲಿದ್ದರು. ನನ್ನನ್ನು ಗುರುತಿಸಿದರೋ ಇಲ್ಲವೋ ಹೇಳಲಾರೆ. ಪಕ್ಕದಲ್ಲಿ ಕೂತೆ.

‘ಎಲ್ಲಿ ಹೋಗಿದ್ರಿ?’ ಎಂದರು. ನನ್ನನ್ನು ಯಾವತ್ತೂ ಬಹುವಚನದಲ್ಲಿ ಕರೆದವರಲ್ಲ.

‘ಇಜುಮಿಗೆ. ಕೊಕ್ಕರೆ ನೋಡೋಕೆ.’

ಬಾಲ್ಕನಿಯ ಕಡೆ ನೋಡತೊಡಗಿದರು. ಮರೆತುಬಿಟ್ಟರು ಎಂದುಕೊಂಡು ಏಳಲು ಹೋದೆ.

‘ಅಲ್ಲಿ ತುಂಬಾ ಚಳಿ’ ಎಂದರು. ‘ಕೈ ಕೊಡಿ ಇಲ್ಲಿ.’

ನನ್ನ ಎರಡೂ ಕೈ ಹಿಡಿದು, ತಮ್ಮ ಅಂಗೈಗಳ ನಡುವೆ ಇಟ್ಟು, ಮೆಲ್ಲಗೆ ಉಜ್ಜತೊಡಗಿದರು. ನಮ್ಮ ಬಿಸಿಲು ನಿಮಗೆ ಗೊತ್ತಲ್ಲ. ಕೈ ಬೆವರುತ್ತಿತ್ತು. ಅವರು ಉಜ್ಜುತ್ತಲೇ ಇದ್ದರು, ‘ಈಗ ಸರಿಯಾಯ್ತಾ?’ ಎಂದು ನಡುನಡುವೆ ಕೇಳುತ್ತಾ. ಇನ್ನೂ ಸ್ವಲ್ಪ ಎಂದೆ ನಾನು.

ಸೆಲ್ವಿಗೆ ನನ್ನ ನೆನಪು ಹೇಳಿ.

ನಿಮ್ಮ
ಜಲಜಕ್ಕ